ಜೋಗದಿಂದ ಗೇರುಸೊಪ್ಪಕ್ಕೆ ಇಳಿಯುವ ರಸ್ತೆ: ನೀರು ಯಾವಾಗ ಬೀಳುತ್ತೆ, ಸಿಂಗಳೀಕ ಯಾಕೆ ರಸ್ತೆಗೆ ಬರುತ್ತೆ?

ಮಳೆಗಾಲದ ಶನಿವಾರ, ಭಾನುವಾರ ಬಂತೆಂದರೆ ಹೊನ್ನಾವರ–ಸಾಗರ ಹೆದ್ದಾರಿಯಲ್ಲಿ ಕಾರುಗಳ ಸಾಲು ಶುರು. ಗೇರುಸೊಪ್ಪ, ಮಾವಿನಗುಂಡಿ, ಜೋಗದ ಚಾ ಅಂಗಡಿಯವರಿಗೆ ಗಿರಾಕಿಗಳು ಕೇಳುವ ಪ್ರಶ್ನೆಗಳು ಬಾಯಿಪಾಠ ಆಗಿಬಿಟ್ಟಿವೆ. "ಜೋಗದಲ್ಲಿ ನೀರು ಇದ್ಯಾ?" "ದಾರೀಲಿ ಇನ್ನೇನು ಫಾಲ್ಸ್ ಇದೆ?" "ಆ ಕಪ್ಪು ಮಂಗ ಯಾವುದು, ಬಿಸ್ಕತ್ತು ಹಾಕಬಹುದಾ?"

ಮೊದಲ ಎರಡು ಪ್ರಶ್ನೆಗೆ ತಪ್ಪು ಉತ್ತರ ಕೊಟ್ಟರೆ ಗಿರಾಕಿಗೆ ಸ್ವಲ್ಪ ಬೇಜಾರಾಗಬಹುದು, ಅಷ್ಟೇ. ಮೂರನೆಯದಕ್ಕೆ ತಪ್ಪು ಉತ್ತರ ಕೊಟ್ಟರೆ ಒಂದು ಪ್ರಾಣಿಯ ಜೀವ ಹೋಗಬಹುದು. ಹಾಗಾಗಿ ಮೂರಕ್ಕೂ ಸರಿಯಾದ ಉತ್ತರ ಏನು ಅಂತ ಇಲ್ಲಿ ಒಂದೊಂದಾಗಿ ನೋಡೋಣ.

ಒಂದೇ ನದಿ, 1,819 ಅಡಿ ಇಳಿಜಾರು

ತೀರ್ಥಹಳ್ಳಿ ತಾಲೂಕಿನ ಅಂಬುತೀರ್ಥದಲ್ಲಿ ಹುಟ್ಟುವ ಶರಾವತಿ ಸುಮಾರು 128 ಕಿ.ಮೀ. ಹರಿದು ಹೊನ್ನಾವರದಲ್ಲಿ ಸಮುದ್ರ ಸೇರುತ್ತಾಳೆ. ನದಿಗಳ ಲೆಕ್ಕದಲ್ಲಿ ಇದು ದೊಡ್ಡ ಉದ್ದವೇನಲ್ಲ. ಆದರೆ ಈ ಪುಟ್ಟ ದಾರಿಯಲ್ಲಿ ಅವಳು ಇಳಿಯುವ ಎತ್ತರ ನೋಡಿ. ಲಿಂಗನಮಕ್ಕಿ ಜಲಾಶಯ ತುಂಬಿದಾಗ ನೀರಿನ ಮಟ್ಟ ಸಮುದ್ರ ಮಟ್ಟದಿಂದ 1,819 ಅಡಿ. ಅಲ್ಲಿಂದ ಹೊನ್ನಾವರದ ಅಳಿವೆಗೆ ಬರುವಷ್ಟರಲ್ಲಿ ಅಷ್ಟೂ ಎತ್ತರ ಇಳಿದು ಮುಗಿಯಬೇಕು.

ಅದರಲ್ಲಿ ಹತ್ತಿರ ಹತ್ತಿರ ಅರ್ಧ ಎತ್ತರವನ್ನು ನದಿ ಜೋಗದಲ್ಲಿ ಒಂದೇ ನೆಗೆತಕ್ಕೆ ಇಳಿಯುತ್ತದೆ. 253 ಮೀಟರ್, ಅಂದರೆ 830 ಅಡಿ. ರಾಜ, ರಾಣಿ, ರೋರರ್, ರಾಕೆಟ್ ಅಂತ ನಾಲ್ಕು ಕವಲು. ಉಳಿದ ಎತ್ತರವನ್ನು ಆಳವಾದ ಕಣಿವೆಯಲ್ಲಿ ಬಂಡೆಗಳ ನಡುವೆ ಉರುಳಿಕೊಂಡು ಇಳಿಯುತ್ತದೆ. ಗೇರುಸೊಪ್ಪ ತಲುಪುವಷ್ಟರಲ್ಲಿ ನದಿ ಬಯಲಿಗೆ ಬಂದಿರುತ್ತದೆ. ಹಿಂದಿನ ಕಾಲದಲ್ಲಿ ಸಮುದ್ರದಿಂದ ದೋಣಿಗಳು ಗೇರುಸೊಪ್ಪದವರೆಗೂ ಬರಲು ಸಾಧ್ಯವಾಗಿದ್ದು ಇದರಿಂದಲೇ. ಘಟ್ಟದ ಮೇಲಿನ ಕಾಳುಮೆಣಸು ಅಲ್ಲಿ ದೋಣಿ ಹತ್ತುತ್ತಿತ್ತು. ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು 'ಮೆಣಸಿನ ರಾಣಿ' ಎಂದು ಕರೆದದ್ದಕ್ಕೂ ಈ ಭೂಗೋಳವೇ ಕಾರಣ.

ನಮ್ಮ ರಾಷ್ಟ್ರೀಯ ಹೆದ್ದಾರಿ 69, ಹಳಬರ ಬಾಯಲ್ಲಿ ಇನ್ನೂ 206, ಇದೇ ಕಣಿವೆಯ ಉತ್ತರದ ಮಗ್ಗುಲಲ್ಲಿ ಸಾಗುತ್ತದೆ. ಹೊನ್ನಾವರದಿಂದ ಗೇರುಸೊಪ್ಪದವರೆಗೆ ತೋಟ, ಗದ್ದೆ. ಗೇರುಸೊಪ್ಪ ದಾಟಿದರೆ ಮಲೆಮನೆ ಘಟ್ಟ. ಘಟ್ಟ ಹತ್ತಿ ಮುಗಿದರೆ ಮಾವಿನಗುಂಡಿ, ಅಲ್ಲಿಂದ ಜೋಗ ಹತ್ತಿರ. ಒಟ್ಟು ಸುಮಾರು 60 ಕಿ.ಮೀ. ದಾರಿಯಲ್ಲಿ ಹೊನ್ನಾವರ, ಸಿದ್ದಾಪುರ, ಸಾಗರ ಮೂರು ತಾಲೂಕು ಬಂದು ಹೋಗುತ್ತವೆ.

"ಜೋಗದಲ್ಲಿ ನೀರು ಇದ್ಯಾ?"

ಇದಕ್ಕೆ ಉತ್ತರ ಆಕಾಶದಲ್ಲಿ ಅರ್ಧ, ಲಿಂಗನಮಕ್ಕಿಯಲ್ಲಿ ಅರ್ಧ ಇದೆ.

1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದ ಮೇಲೆ ಜೋಗದ ಲೆಕ್ಕವೇ ಬದಲಾಯಿತು. ಶರಾವತಿ ವಿದ್ಯುದಾಗಾರಕ್ಕೆ ಹೋಗುವ ನೀರು ಜಲಪಾತದ ಮೇಲೆ ಬೀಳುವುದೇ ಇಲ್ಲ. ಲಿಂಗನಮಕ್ಕಿಯಿಂದ ತಳಕಳಲೆ ಜಲಾಶಯಕ್ಕೆ, ಅಲ್ಲಿಂದ ದೊಡ್ಡ ಕೊಳವೆಗಳಲ್ಲಿ ಕಣಿವೆಗೆ ಇಳಿದು 1,035 ಮೆಗಾವ್ಯಾಟ್ ಸಾಮರ್ಥ್ಯದ ವಿದ್ಯುದಾಗಾರದ ಟರ್ಬೈನ್ ತಿರುಗಿಸಿ ಗೇರುಸೊಪ್ಪ ಜಲಾಶಯ ಸೇರುತ್ತದೆ. ಗೇರುಸೊಪ್ಪದಲ್ಲಿ ಅದೇ ನೀರಿನಿಂದ ಮತ್ತೊಮ್ಮೆ ಕರೆಂಟ್, 240 ಮೆಗಾವ್ಯಾಟ್. ನೀರು ಎತ್ತರದಿಂದ ಬೀಳುವ ಬಲವೇ ಜಲಪಾತ, ಅದೇ ಬಲವೇ ಕರೆಂಟ್. ಎರಡನ್ನೂ ಒಂದೇ ನೀರಿನಿಂದ ಪಡೆಯಲಿಕ್ಕಾಗುವುದಿಲ್ಲ. ಬೇಸಿಗೆಯಲ್ಲಿ ಜೋಗ ನೂಲಿನೆಳೆಯಾಗಿ ಕಾಣುವುದು ಅದಕ್ಕೆ.

ಹಾಗಾದರೆ ಮಳೆಗಾಲದಲ್ಲಿ ಕಾಣುವ ನೀರು ಯಾವುದು? ಎರಡು ಬಗೆ. ಒಂದು, ಅಣೆಕಟ್ಟಿಗೂ ಜಲಪಾತಕ್ಕೂ ನಡುವಿನ ಪ್ರದೇಶದಲ್ಲಿ ಬಿದ್ದ ಮಳೆಯ ನೀರು. ಆ ಪ್ರದೇಶ ಚಿಕ್ಕದು. ಹಾಗಾಗಿ ಜೋರು ಮಳೆ ಹೊಡೆದರೆ ನಾಲ್ಕೂ ಕವಲು ತುಂಬುತ್ತವೆ, ಮಳೆ ಬಿಟ್ಟರೆ ಬೇಗ ಸೊರಗುತ್ತವೆ. ಎರಡು, ಜಲಾಶಯ 1,819 ಅಡಿ ಸಮೀಪಿಸಿದಾಗ ಗೇಟು ತೆಗೆದು ಬಿಡುವ ನೀರು. ಆಗ ಕಾಣುವುದೇ ಬೇರೆ ಜೋಗ. ಆದರೆ ಪ್ರತಿ ವರ್ಷ ಜಲಾಶಯ ತುಂಬುವುದಿಲ್ಲ, ತುಂಬುವ ದಿನವೂ ಒಂದೇ ಅಲ್ಲ.

ಆದ್ದರಿಂದ ಗಿರಾಕಿ ಕೇಳಿದಾಗ ಕೊಡಬೇಕಾದ ಪ್ರಾಮಾಣಿಕ ಉತ್ತರ ಇದು: ಎರಡು ಮೂರು ದಿನ ಒಳ್ಳೆ ಮಳೆ ಇತ್ತಾ ನೋಡಿ, ಇಲ್ಲಾಂದ್ರೆ ಲಿಂಗನಮಕ್ಕಿ ಮಟ್ಟ ಎಷ್ಟಿದೆ ನೋಡಿ. ಇನ್ನೊಂದು ಮಾತು. ನೀರು ಎಷ್ಟೇ ಇದ್ದರೂ ಮಂಜು ಮುಸುಕಿದರೆ ಏನೂ ಕಾಣುವುದಿಲ್ಲ, ಸದ್ದು ಮಾತ್ರ. ಅರ್ಧ ಗಂಟೆ ಕಾದರೆ ಮಂಜು ಸರಿಯುತ್ತದೆ. ಕಾಯುವವರು ಒಂದು ಚಾ ಕುಡಿಯುತ್ತಾರೆ, ಅಂಗಡಿಯವರಿಗೂ ನಷ್ಟವಿಲ್ಲ.

"ದಾರೀಲಿ ಇನ್ನೇನು ಫಾಲ್ಸ್ ಇದೆ?"

ಮಾವಿನಗುಂಡಿ ಜಲಪಾತ ಜೋಗದ ಮಗ್ಗುಲಲ್ಲೇ ಇದೆ. ಮಲೆಮನೆ ಘಟ್ಟದಲ್ಲಿ ಜುಲೈ, ಆಗಸ್ಟ್‌ನಲ್ಲಿ ತಿರುವಿಗೊಂದರಂತೆ ಹೆಸರಿಲ್ಲದ ಝರಿಗಳು ಹುಟ್ಟಿಕೊಳ್ಳುತ್ತವೆ. ಸಿದ್ದಾಪುರ ತಾಲೂಕಿನಲ್ಲೇ ಸ್ವಲ್ಪ ಸುತ್ತಿ ಹೋದರೆ ಅಘನಾಶಿನಿ ನದಿಯ ಉಂಚಳ್ಳಿ ಜಲಪಾತ, ಸುಮಾರು 116 ಮೀಟರ್. ಸದ್ದಿಗೆ ಕಿವಿ ಕೆಪ್ಪಾಗುತ್ತೆ ಅಂತ ಊರವರು ಕೆಪ್ಪಜೋಗ ಅನ್ನುವುದುಂಟು. ಅಘನಾಶಿನಿಗೆ ದೊಡ್ಡ ಅಣೆಕಟ್ಟಿಲ್ಲ. ಹಾಗಾಗಿ ಉಂಚಳ್ಳಿಯ ನೀರು ಯಾವ ಗೇಟನ್ನೂ ಕೇಳುವುದಿಲ್ಲ, ಮಳೆಯನ್ನು ಮಾತ್ರ ಕೇಳುತ್ತದೆ. ಜೋಗ ಸೊರಗಿದಾಗ ಗಿರಾಕಿಗೆ ಹೇಳಲಿಕ್ಕೆ ಇದೊಂದು ಒಳ್ಳೆ ಉತ್ತರ.

ಆದರೆ ಎಚ್ಚರಿಕೆ ಹೇಳಲೇಬೇಕು. ರಸ್ತೆ ಬದಿಯ ಝರಿಯ ಬಂಡೆ ಮೇಲೆ ಪಾಚಿ ಕಟ್ಟಿರುತ್ತದೆ, ಸೋಪು ಸವರಿದ ಹಾಗೆ. ನಿಂತಲ್ಲಿ ಮಳೆ ಇಲ್ಲದಿದ್ದರೂ ಮೇಲಿನ ಗುಡ್ಡದಲ್ಲಿ ಹೊಡೆದ ಮಳೆ ಹತ್ತು ನಿಮಿಷದಲ್ಲಿ ಕೆಳಗೆ ಬರುತ್ತದೆ. ನೀರು ಇದ್ದಕ್ಕಿದ್ದಂತೆ ಕೆಂಪಾದರೆ, ಎಲೆ ಕಡ್ಡಿ ತೇಲಿ ಬರತೊಡಗಿದರೆ ಫೋಟೋ ಬಿಟ್ಟು ಮೇಲೆ ಬರಬೇಕು. ಗೇಟು ತೆಗೆಯುವ ಮುನ್ಸೂಚನೆ ಇರುವ ದಿನ ಹೊಳೆಪಾತ್ರಕ್ಕೆ ಇಳಿಯುವ ಮಾತೇ ಬೇಡ. ತಿರುವಿನಲ್ಲಿ ಗಾಡಿ ನಿಲ್ಲಿಸುವುದೂ ಅಷ್ಟೇ ಅಪಾಯ. ಇಳಿದು ಬರುವ ಲಾರಿಗೆ ಮಂಜಿನಲ್ಲಿ ನಿಮ್ಮ ಕಾರು ಕಾಣುವುದು ಬ್ರೇಕ್ ಹಾಕಿದರೂ ನಿಲ್ಲದಷ್ಟು ಹತ್ತಿರ ಬಂದ ಮೇಲೆ.

ಕತ್ತಲೆಕಾನು: ಹೆಸರಲ್ಲೇ ಎಲ್ಲಾ ಇದೆ

ಈ ಝರಿಗಳಲ್ಲಿ ಕೆಲವು ಮಳೆ ನಿಂತ ವಾರಕ್ಕೇ ಬತ್ತುತ್ತವೆ, ಕೆಲವು ಬೇಸಿಗೆಯಲ್ಲೂ ತೊಟ್ಟಿಕ್ಕುತ್ತವೆ. ಏನು ವ್ಯತ್ಯಾಸ? ಮೇಲಿನ ಕಾಡು.

ಇದೇ ಹೆದ್ದಾರಿಯ ಪಕ್ಕ ಸಿದ್ದಾಪುರ ತಾಲೂಕಿನಲ್ಲಿ ಕತ್ತಲೆಕಾನು ಅಂತ ಜಾಗ ಇದೆ. ಬಿಸಿಲು ನೆಲಕ್ಕೆ ಬೀಳದಷ್ಟು ದಟ್ಟ ಕಾಡು, ಅದಕ್ಕೇ ಆ ಹೆಸರು. ಅಲ್ಲಿ ರಾಮಪತ್ರೆ ಜಡ್ಡಿಗಳಿವೆ. ವರ್ಷವಿಡೀ ನೆಲ ಒದ್ದೆ ಇರುವ, ಕಾಡುಜಾಯಿಕಾಯಿ ಜಾತಿಯ ಮರಗಳು ಬೆಳೆದ ಜೌಗು ಕಾಡು ಅದು. ಕೆಸರಿನೊಳಗೆ ಗಾಳಿ ಸಿಗದ ಕಾರಣ ಈ ಮರಗಳ ಬೇರು ಮೊಣಕಾಲು ಮಡಚಿದ ಹಾಗೆ ನೆಲದಿಂದ ಮೇಲೆದ್ದು ಉಸಿರಾಡುತ್ತವೆ. ಸುರಿದ ಮಳೆಯನ್ನು ಇಂಥ ಕಾಡು ಹಿಡಿದಿಟ್ಟು ನಿಧಾನಕ್ಕೆ ಬಿಡುತ್ತದೆ. ಕೆಳಗಿನ ಅಡಿಕೆ ತೋಟಕ್ಕೆ ಮಾರ್ಚ್‌ನಲ್ಲೂ ಹಳ್ಳದ ನೀರು ಬರುತ್ತಿದ್ದರೆ ಅದಕ್ಕೆ ಮೇಲಿನ ಕಾಡು ಕಾರಣ.

2000ದಲ್ಲಿ ಇಲ್ಲಿನ ಒಂದು ಮರವನ್ನು ವಿಜ್ಞಾನಿಗಳು ಹೊಸ ಪ್ರಭೇದ ಅಂತ ಗುರುತಿಸಿ ಸೆಮೆಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂದು ಹೆಸರಿಟ್ಟರು. ನಮ್ಮ ತಾಲೂಕಿನ ಒಂದು ಕಾಡಿನ ಹೆಸರು ಹೀಗೆ ಜಗತ್ತಿನ ಸಸ್ಯಶಾಸ್ತ್ರದ ಪುಸ್ತಕ ಸೇರಿದೆ. ದಿನಾ ಅದರ ಪಕ್ಕ ಬಸ್ಸಲ್ಲಿ ಓಡಾಡುವ ಎಷ್ಟೋ ಜನರಿಗೆ ಈ ವಿಷಯ ಗೊತ್ತಿಲ್ಲ.

ಮಂಗಟ್ಟೆ, ಕೆಂದಳಿಲು, ಕಾಳಿಂಗ ಸರ್ಪ, ಬೆಳಗಿನ ಜಾವ ಮನುಷ್ಯರ ಹಾಗೆ ಶಿಳ್ಳೆ ಹೊಡೆಯುವ ಸಿಳ್ಳಾರ ಹಕ್ಕಿ, ಎಲ್ಲಾ ಈ ಕಾಡಿನ ವಾಸಿಗಳು. ಅವುಗಳಲ್ಲೆಲ್ಲ ಈಗ ಹೆಚ್ಚು ಕಷ್ಟದಲ್ಲಿರುವುದು ಸಿಂಗಳೀಕ.

"ಆ ಕಪ್ಪು ಮಂಗ ಯಾವುದು?"

ನಮ್ಮಲ್ಲಿ ಮೂರು ಬಗೆ ಮಂಗ ಇವೆ. ತೋಟಕ್ಕೆ ನುಗ್ಗುವ ಕಂದು ಬಣ್ಣದ ಸಾದಾ ಮಂಗ. ಕಪ್ಪು ಮುಖ, ಬೂದು ಮೈ, ಉದ್ದ ಬಾಲದ ಮುಸಿಯ. ಮೂರನೆಯದು ಸಿಂಗಳೀಕ. ಕಡುಕಪ್ಪು ಮೈ, ಮುಖದ ಸುತ್ತ ಬೆಳ್ಳಿ ಬಣ್ಣದ ಕೇಸರ, ಬಾಲದ ತುದಿಯಲ್ಲಿ ಸಿಂಹಕ್ಕಿರುವಂಥ ಕುಚ್ಚು. ಸಿಂಹಬಾಲದ ಕೋತಿ ಅನ್ನುವುದು ಅದಕ್ಕೇ.

ಇದು ಇಡೀ ಪ್ರಪಂಚದಲ್ಲಿ ಪಶ್ಚಿಮ ಘಟ್ಟ ಬಿಟ್ಟು ಬೇರೆಲ್ಲೂ ಕಾಡಿನಲ್ಲಿಲ್ಲ. ಕೇರಳ, ತಮಿಳುನಾಡು, ಕರ್ನಾಟಕ ಮೂರು ರಾಜ್ಯ ಅಷ್ಟೇ. ಅದರ ನೆಲೆಯ ಉತ್ತರದ ತುದಿ ನಮ್ಮ ಶರಾವತಿ–ಅಘನಾಶಿನಿ ಕಣಿವೆ. ವಯಸ್ಕ ಸಿಂಗಳೀಕಗಳು 2,500ಕ್ಕಿಂತ ಕಡಿಮೆ ಎಂಬುದು ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್‌ನ ಅಂದಾಜು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಒಂದನೇ ಅನುಸೂಚಿಯಲ್ಲಿ ಇದಿದೆ. ಹುಲಿ, ಆನೆಗಿರುವಷ್ಟೇ ರಕ್ಷಣೆ ಇದಕ್ಕೂ ಇದೆ. 2011ರಲ್ಲಿ ಅಘನಾಶಿನಿ ಸಿಂಗಳೀಕ ಸಂರಕ್ಷಣಾ ಮೀಸಲು ಘೋಷಣೆಯಾಯಿತು. 2019ರಲ್ಲಿ ಅದನ್ನೂ ಹಳೆಯ ಶರಾವತಿ ಅಭಯಾರಣ್ಯವನ್ನೂ ಸೇರಿಸಿ, ಇನ್ನಷ್ಟು ಕಾಡು ಕೂಡಿಸಿ, ಸುಮಾರು 930 ಚದರ ಕಿ.ಮೀ.ನ ಶರಾವತಿ ಕಣಿವೆ ಸಿಂಗಳೀಕ ಅಭಯಾರಣ್ಯ ಮಾಡಲಾಯಿತು.

ಸಿಂಗಳೀಕ ಮರದ ಪ್ರಾಣಿ. ಊಟ, ನಿದ್ದೆ, ಮರಿ ಸಾಕುವುದು ಎಲ್ಲಾ ಮರದ ಮೇಲೆ. ಕೊಂಬೆಗೆ ಕೊಂಬೆ ತಾಗಿದ್ದರೆ ನೆಲಕ್ಕಿಳಿಯುವ ಅಗತ್ಯವೇ ಇಲ್ಲ. ಕಾಡುಹಣ್ಣು, ಬೀಜ, ಹುಳುಹುಪ್ಪಟೆ ಅದರ ಆಹಾರ. ನಾವು ಸಿಪ್ಪೆಗಾಗಿ ಕೊಯ್ಯುವ ಉಪ್ಪಾಗೆ ಕೂಡ ಅದರ ಊಟದ ಪಟ್ಟಿಯಲ್ಲಿದೆ. ಹಣ್ಣಾಗುವ ಮುಂಚೆಯೇ ಕೊಂಬೆ ಕಡಿದು ಉಪ್ಪಾಗೆ ಇಳಿಸಿದರೆ ನಮಗೆ ಬರುವ ವರ್ಷದ ಫಸಲೂ ಇಲ್ಲ, ಅದಕ್ಕೆ ಈ ವರ್ಷದ ಊಟವೂ ಇಲ್ಲ.

"ಬಿಸ್ಕತ್ತು ಹಾಕಬಹುದಾ?"

ಬೇಡ. ಯಾಕೆ ಬೇಡ ಅಂತ ಲೆಕ್ಕ ಹಾಕಿಯೇ ಹೇಳಬಹುದು.

ಹೆಣ್ಣು ಸಿಂಗಳೀಕ ಮೊದಲ ಮರಿ ಹಾಕಲು ಆರು ವರ್ಷ ದಾಟಬೇಕು. ಒಂದು ಸಲಕ್ಕೆ ಒಂದೇ ಮರಿ. ಮುಂದಿನ ಮರಿಗೆ ಎರಡೂವರೆ, ಮೂರು ವರ್ಷ ಬೇಕು. ಸಾದಾ ಮಂಗದ ಹಾಗೆ ಬೇಗ ಹೆಚ್ಚುವ ಜಾತಿ ಇದಲ್ಲ. ಒಂದು ಗುಂಪಿನಲ್ಲಿ ಹತ್ತು, ಇಪ್ಪತ್ತು ಇರುತ್ತವೆ, ದೊಡ್ಡ ಗಂಡು ಸಾಮಾನ್ಯವಾಗಿ ಒಂದೇ. ರಸ್ತೆಯಲ್ಲಿ ಒಂದು ತಾಯಿ ಸತ್ತರೆ ಆ ಜಾಗ ತುಂಬಲು ವರ್ಷಗಟ್ಟಲೆ ಬೇಕು. ಎದೆಗೆ ಕಚ್ಚಿಕೊಂಡ ಮರಿ ಇದ್ದರೆ ಅದೂ ಹೋಯಿತು.

ಈಗ ರಸ್ತೆಯ ಕಡೆ ನೋಡಿ. ಮಲೆಮನೆ ಘಟ್ಟದಲ್ಲಿ ಪ್ರವಾಸಿಗರು ಗಾಡಿ ನಿಲ್ಲಿಸಿ ಬಾಳೆಹಣ್ಣು, ಬಿಸ್ಕತ್ತು, ಚಿಪ್ಸ್ ಎಸೆಯುತ್ತಾರೆ. ಕಾಡಿನಲ್ಲಿ ದಿನವಿಡೀ ಹುಡುಕಿದರೆ ಸಿಗುವ ಊಟ ರಸ್ತೆಯಲ್ಲಿ ಐದು ನಿಮಿಷಕ್ಕೆ ಸಿಗುತ್ತದೆ. ನಾಚಿಕೆ ಸ್ವಭಾವದ ಪ್ರಾಣಿ ಮರ ಬಿಟ್ಟು ಡಾಂಬರಿಗೆ ಇಳಿದು ಕೂರುವುದು ಹೀಗೆ. ಕಾರಿನ ಸದ್ದು ಕೇಳಿದರೆ ಓಡಿ ಹೋಗಬೇಕಾದದ್ದು ಓಡಿ ಬರುತ್ತದೆ. ಬಿಸ್ಕತ್ತು ಹಾಕುವ ಕಾರು ಯಾವುದು, ಎಂಬತ್ತರ ವೇಗದಲ್ಲಿ ಬರುವ ಕಾರು ಯಾವುದು ಅಂತ ಅದಕ್ಕೇನು ಗೊತ್ತು? ಮರಿಗಳು ತಾಯಿಯನ್ನು ನೋಡಿಯೇ ಕಲಿಯುವುದು. ರಸ್ತೆಯಲ್ಲೇ ಬೆಳೆದ ಮರಿಗೆ ಕಾಡಿನಲ್ಲಿ ಯಾವ ಹಣ್ಣು ಯಾವಾಗ ಅಂತ ಕಲಿಸುವವರು ಯಾರು?

"ಪಾಪ, ಹಸಿದಿದೆ" ಅನ್ನುವ ಮಾತಿದೆಯಲ್ಲ, ಅದು ಒಳ್ಳೆ ಮನಸ್ಸಿನ ಮಾತೇ. ಆದರೆ ರಸ್ತೆ ಬದಿ ಕೂತಿರುವುದು ಹಸಿವಿಗಿಂತ ಹೆಚ್ಚಾಗಿ ಅಭ್ಯಾಸದಿಂದ. ಅಭ್ಯಾಸ ಮಾಡಿಸಿದವರು ನಾವು.

ಕಾನೂನೂ ಇದೆ. ಅಭಯಾರಣ್ಯದೊಳಗೆ ಪ್ರಾಣಿಗಳಿಗೆ ಕಾಟ ಕೊಡುವುದು, ಕಸ ಎಸೆಯುವುದು ಎರಡನ್ನೂ ವನ್ಯಜೀವಿ ಕಾಯ್ದೆಯ 27ನೇ ಕಲಂ ನಿಷೇಧಿಸುತ್ತದೆ. ಚಿಪ್ಸ್ ಪ್ಯಾಕೆಟ್ ಕಿಟಕಿಯಿಂದ ಹಾರಿಸುವುದು ಬರೀ ಕೆಟ್ಟ ಅಭ್ಯಾಸ ಅಲ್ಲ, ಅಪರಾಧ.

ಬೇರೆ ಕಡೆ ಏನು ಮಾಡಿದ್ದಾರೆ? ತಮಿಳುನಾಡಿನ ವಾಲ್ಪಾರೈಯಲ್ಲಿ ಚಹಾ, ಕಾಫಿ ತೋಟಗಳ ನಡುವೆ ಸಿಂಗಳೀಕಗಳು ರಸ್ತೆಯಲ್ಲಿ ಸಾಯತೊಡಗಿದಾಗ ಮರದಿಂದ ಮರಕ್ಕೆ ತೂಗುಸೇತುವೆ ಕಟ್ಟಿದರು. ರಸ್ತೆಯಲ್ಲಿ ನಿಂತು ಗಾಡಿಗಳನ್ನು ನಿಧಾನ ಮಾಡಿಸಲು ಊರವರನ್ನೇ ಕಾವಲಿಗೆ ಇಟ್ಟರು. ಪ್ರಾಣಿಗಳು ಸೇತುವೆ ಬಳಸುವುದನ್ನು ಕಲಿತವು. ನಮ್ಮ ಘಟ್ಟದಲ್ಲಿ ಇನ್ನೂ ಎಷ್ಟೋ ಕಡೆ ರಸ್ತೆಯ ಎರಡೂ ಬದಿಯ ಮರಗಳು ಮೇಲೆ ಕೈ ಹಿಡಿದುಕೊಂಡೇ ಇವೆ. ಅಂಥ ಮರಗಳನ್ನು ಉಳಿಸಿಕೊಂಡರೆ ಸೇತುವೆಯ ಖರ್ಚೂ ಇಲ್ಲ.

ಮಂಗ ಸತ್ತಿದ್ದು ಕಂಡರೆ

ಇದು ನಮ್ಮ ಜೀವದ ಪ್ರಶ್ನೆ. ಮಂಗನ ಕಾಯಿಲೆ 1957ರಲ್ಲಿ ಮೊದಲು ಪತ್ತೆಯಾಗಿದ್ದು ಪಕ್ಕದ ಸೊರಬ ತಾಲೂಕಿನ ಕ್ಯಾಸನೂರಿನಲ್ಲಿ. ಸಾಗರ, ಸಿದ್ದಾಪುರ, ಹೊನ್ನಾವರದ ಜನರಿಗೆ ಇದರ ನೋವು ಹೊಸದಲ್ಲ. 2018–19ರಲ್ಲಿ ಸಾಗರ ತಾಲೂಕಿನ ಅರಳಗೋಡು ಭಾಗ ಕಂಡ ಸಾವುಗಳನ್ನು ಯಾರೂ ಮರೆತಿಲ್ಲ.

ಕಾಯಿಲೆ ಹರಡುವುದು ಉಣುಗಿನಿಂದ. ಸೋಂಕು ತಗುಲಿದ ಮಂಗ ಸತ್ತಾಗ ಮೈಮೇಲಿನ ಉಣುಗುಗಳು ಸುತ್ತಲ ನೆಲಕ್ಕೆ ಇಳಿಯುತ್ತವೆ. ಹಾಗಾಗಿ ಯಾವುದೇ ಮಂಗ, ಮುಸಿಯ, ಸಿಂಗಳೀಕ ಸತ್ತು ಬಿದ್ದಿದ್ದು ಕಂಡರೆ ಹತ್ತಿರ ಹೋಗಬೇಡಿ, ಮುಟ್ಟಬೇಡಿ, ಹೂಳಲೂ ಬೇಡಿ. ಗ್ರಾಮ ಪಂಚಾಯತಿಗೆ, ಆರೋಗ್ಯ ಕೇಂದ್ರಕ್ಕೆ ಅಥವಾ ಅರಣ್ಯ ಇಲಾಖೆಯ ಸಹಾಯವಾಣಿ 1926ಕ್ಕೆ ತಿಳಿಸಿ. ಗಾಡಿ ಬಡಿದು ಸತ್ತಿದ್ದು ಅಂತ ಕಂಡರೂ ಅಷ್ಟೇ. ಡಿಸೆಂಬರ್‌ನಿಂದ ಮೇ ತನಕ ದರಕು, ಸೌದೆಗೆ ಕಾಡಿಗೆ ಹೋಗುವವರು ಡೆಪಾ ಎಣ್ಣೆ ಹಚ್ಚಿಕೊಂಡು ಹೋಗಿ, ಬಂದ ಕೂಡಲೇ ಬಿಸಿನೀರಲ್ಲಿ ಮಿಂದು ಬಟ್ಟೆ ತೊಳೆಯಿರಿ.

ಘಟ್ಟದ ಕೆಳಗೂ ಲೆಕ್ಕ ಇದೆ

ಮೇಲೆ ಆಗುವ ಬದಲಾವಣೆ ಹೊನ್ನಾವರದ ಮೀನುಪೇಟೆಯವರೆಗೂ ಬರುತ್ತದೆ. ವಿದ್ಯುದಾಗಾರ ವರ್ಷವಿಡೀ ಸಿಹಿನೀರು ಬಿಡುವುದರಿಂದ ಶರಾವತಿಯ ಅಳಿವೆಯಲ್ಲಿ ಬೇಸಿಗೆಯಲ್ಲೂ ಉಪ್ಪಿನಂಶ ಏರುವುದಿಲ್ಲ. ಉಪ್ಪುನೀರು ಬೇಕಾದ ಬಳಚು ಅಲ್ಲಿ ಕಡಿಮೆಯಾಯಿತು. ಅಣೆಕಟ್ಟಿಲ್ಲದ ಅಘನಾಶಿನಿಯ ಅಳಿವೆಯಲ್ಲಿ ಬಳಚು ಇನ್ನೂ ನೂರಾರು ಮನೆಗಳ ಒಲೆ ಉರಿಸುತ್ತಿದೆ. ಪಕ್ಕಪಕ್ಕದ ಎರಡು ಹೊಳೆಗಳಲ್ಲಿ ಒಂದಕ್ಕೆ ಕಟ್ಟೆ ಇದೆ, ಇನ್ನೊಂದಕ್ಕಿಲ್ಲ. ವ್ಯತ್ಯಾಸ ತಿಳಿಯಲು ದೊಡ್ಡ ಪುಸ್ತಕ ಓದಬೇಕಾಗಿಲ್ಲ, ಎರಡೂ ಕಡೆ ಒಂದು ಬೆಳಿಗ್ಗೆ ಹೊಳೆದಂಡೆಗೆ ಹೋಗಿ ನಿಂತರೆ ಸಾಕು.

ಈಗ ಚರ್ಚೆಯಲ್ಲಿರುವ 2,000 ಮೆಗಾವ್ಯಾಟ್‌ನ ಶರಾವತಿ ಪಂಪ್ಡ್ ಸ್ಟೋರೇಜ್ ಯೋಜನೆಯನ್ನೂ ಇದೇ ಕಣ್ಣಿನಲ್ಲಿ ನೋಡಬೇಕು. ಕರೆಂಟಿಗೆ ಬೇಡಿಕೆ ಕಡಿಮೆ ಇದ್ದಾಗ ಗೇರುಸೊಪ್ಪ ಜಲಾಶಯದ ನೀರನ್ನು ತಳಕಳಲೆಗೆ ಎತ್ತುವುದು, ಬೇಡಿಕೆ ಏರಿದಾಗ ಅದೇ ನೀರನ್ನು ಇಳಿಸಿ ಕರೆಂಟ್ ಮಾಡುವುದು ಇದರ ಕ್ರಮ. ಸೋಲಾರ್, ಗಾಳಿ ವಿದ್ಯುತ್ತಿಗೆ ಇಂಥ ಬೆಂಬಲ ಬೇಕು ಅಂತ ಪರವಾಗಿರುವವರು ಹೇಳುತ್ತಾರೆ. ಸುರಂಗ, ರಸ್ತೆ, ಮರ ಕಡಿತ ಎಲ್ಲಾ ಸಿಂಗಳೀಕ ಅಭಯಾರಣ್ಯದೊಳಗೇ ಆಗುತ್ತೆ, ಗುಡ್ಡ ಕುಸಿಯುತ್ತೆ ಅಂತ ವಿರೋಧಿಸುವವರು ಹೇಳುತ್ತಾರೆ. ಯಾವ ಕಡೆ ನಿಂತರೂ ಒಂದು ಸಂಗತಿ ನೆನಪಿರಲಿ. ಎತ್ತರದ ಮರಗಳ ಸಾಲು ಒಮ್ಮೆ ತುಂಡಾದರೆ ಮತ್ತೆ ಕೂಡಿಕೊಳ್ಳಲು ಒಂದು ತಲೆಮಾರು ಸಾಲದು.

ಅಂಗಡಿಯವರು ಏನು ಮಾಡಬಹುದು?

ಇಲಾಖೆಯವರು ಬೋರ್ಡ್ ಹಾಕಬಹುದು, ದಂಡ ಹಾಕಬಹುದು. ಆದರೆ ಪ್ರತಿ ತಿರುವಿನಲ್ಲಿ ಒಬ್ಬ ಗಾರ್ಡ್ ನಿಲ್ಲಿಸಲಿಕ್ಕಾಗುವುದಿಲ್ಲ. ಘಟ್ಟ ಹತ್ತುವ ಪ್ರವಾಸಿಗ ಬಾಳೆಹಣ್ಣು ಕೊಳ್ಳುವುದು ಗೇರುಸೊಪ್ಪದಲ್ಲಿ, ಇಳಿಯುವವನು ಬಿಸ್ಕತ್ತು ಕೊಳ್ಳುವುದು ಜೋಗದಲ್ಲಿ, ಮಾವಿನಗುಂಡಿಯಲ್ಲಿ. ಅವನ ಜೊತೆ ಕೊನೆಯ ಮಾತಾಡುವವರು ನೀವೇ.

- "ಮಂಗಕ್ಕೆ ಕೊಡ್ಲಿಕ್ಕೆ" ಅಂತ ಹಣ್ಣು ಕೇಳಿದರೆ, "ನೀವು ತಿನ್ನಿ ಸಾರ್, ಅದಕ್ಕೆ ಕೊಟ್ರೆ ಗಾಡಿಗೆ ಸಿಕ್ಕಿ ಸಾಯುತ್ತೆ" ಅಂತ ಒಂದು ಮಾತು ಹೇಳಿ. ವ್ಯಾಪಾರ ಕೆಡುವುದಿಲ್ಲ.
- ಕಸದ ಡಬ್ಬಕ್ಕೆ ಗಟ್ಟಿ ಮುಚ್ಚಳ ಇರಲಿ. ತೆರೆದ ಡಬ್ಬ ಅಂದರೆ ಮಂಗಗಳಿಗೆ ಕರೆದು ಬಡಿಸಿದ ಹಾಗೆ.
- ಪ್ಲಾಸ್ಟಿಕ್ ಕೈಚೀಲ 2016ರಿಂದಲೇ ರಾಜ್ಯದಲ್ಲಿ ನಿಷೇಧ. ಪೇಪರ್ ಪೊಟ್ಟಣ, ಬಾಳೆ ಎಲೆ ನಮ್ಮ ಊರಿಗೆ ಹೊಸದೇನಲ್ಲ.
- ಮಳೆ, ಮಂಜು, ಗುಡ್ಡ ಕುಸಿತದ ಸುದ್ದಿ ಮೊದಲು ತಲುಪುವುದು ನಿಮ್ಮ ಅಂಗಡಿಗೆ. ಅದನ್ನು ಗಿರಾಕಿಗೆ ಹೇಳಿ ಕಳಿಸಿ.
- ಬಾಡಿಗೆ ಕಾರು, ಟೆಂಪೋ ಓಡಿಸುವವರು ಘಟ್ಟದಲ್ಲಿ ಮಂಗ ತೋರಿಸಲು ಗಾಡಿ ನಿಲ್ಲಿಸುವುದು ಬೇಡ. ಹಗಲು ಹೊತ್ತಲ್ಲಿ ವೇಗ ನಲವತ್ತು ದಾಟದಿದ್ದರೆ ತೋರಿಸಬೇಕಾದ್ದು ಹಾಗೇ ಕಾಣುತ್ತದೆ.

ಜೋಗದ ನೀರು ಹೆಚ್ಚು ಕಮ್ಮಿ ಆಗುವುದು ನಮ್ಮ ಕೈಲಿಲ್ಲ. ಅದು ಮಳೆಯ ಮತ್ತು ಗೇಟಿನ ಲೆಕ್ಕ. ಸಿಂಗಳೀಕ ಮರದ ಮೇಲಿರಬೇಕಾ, ಡಾಂಬರಿನ ಮೇಲಿರಬೇಕಾ ಅನ್ನುವುದು ಮಾತ್ರ ಬಹುಪಾಲು ಈ ರಸ್ತೆಯ ಜನರ ಕೈಲಿದೆ. ಈ ವಾರಾಂತ್ಯವೂ ಯಾರೋ ಒಬ್ಬರು ನಿಮ್ಮ ಅಂಗಡಿ ಮುಂದೆ ನಿಂತು ಅದೇ ಮೂರನೇ ಪ್ರಶ್ನೆ ಕೇಳುತ್ತಾರೆ. ಉತ್ತರ ಈಗ ನಿಮಗೆ ಗೊತ್ತು.